ಹಲಗೆಯ ಮೇಲಿನ ಬಿಯರು

‘ಕ್ರಾಫ್ಟ್ ಬಿಯರ್’ ಎಂಬ ಮಾತಿಗೆ ಕನ್ನಡದಲ್ಲಿ ಇನ್ನೂ ಒಪ್ಪುವ ಹೆಸರು ಹುಟ್ಟಿಲ್ಲ. ‘ಕರಕುಶಲ ಬಿಯರು’ ಎಂದರೆ ಚನ್ನಪಟ್ಟಣದ ಗೊಂಬೆಗಳ ನೆನಪಾಗುತ್ತದೆ. ‘ಕೈಯಲ್ಲಿ ಮಾಡಿದ ಬಿಯರು’ ಎಂದರೆ ಹಿಂದೆಯೇ ಪೋಲೀಸರು ಬಂದಾರು ಎನಿಸುತ್ತದೆ. ದೊಡ್ಡ ಕಾರಖಾನೆಯ ಸೀಸೆಯ ಮಾಲಲ್ಲ, ಸಣ್ಣ ಪ್ರಮಾಣದಲ್ಲಿ, ಮಾಡುವವನ ಅಭಿರುಚಿಗೆ ತಕ್ಕಂತೆ ತಯಾರಾದದ್ದು ಎಂಬುದು ಅದರ ಸ್ಥೂಲವಾದ ಅರ್ಥ. ನಮ್ಮ ದೇಶದಲ್ಲಿ ಇಂಥ ಮೊದಮೊದಲಿನ ಸಣ್ಣ ಕಾರಖಾನೆಗಳಲ್ಲಿ ಒಂದು 2009ರಲ್ಲಿ ಪುಣೆಯಲ್ಲಿ ‘ಡೂಲಾಲಿ’ ಎಂಬ ಹೆಸರಿನಿಂದ ಆರಂಭವಾಯಿತು. (ನಾಸಿಕದ ಬಳಿಯ ದೇವಳಾಲಿಯ ದಂಡಿನಲ್ಲಿ ಊರಿಗೆ ಹೋಗುವ ಹಡಗಿಗಾಗಿ ಕಾದು ಕಾದು ತಲೆ ಕೆಟ್ಟ ಬ್ರಿಟಿಷ್ ಸಿಪಾಯಿಗಳಿಂದ ಇಂಗ್ಲಿಷಿಗೆ ಸೇರಿದ ಶಬ್ದವದು. ನಮ್ಮ ಮಧ್ಯ ರೈಲ್ವೆಯ ಒಂದು ಸ್ಟೇಶನ್ನು ಹೀಗೆ ನಿಘಂಟನ್ನು ಸೇರಿದೆ.) 2013ರಲ್ಲಿ ಲೋವರ್ ಪರೇಲಿನ ‘ಬಾರ್ಕಿಂಗ್ ಡಿಯರ್’ ಮುಂಬಯಿಯಲ್ಲಿ ತನ್ನದೇ ಬಿಯರನ್ನು ಸುರಿಯತೊಡಗಿತು. 2015ರಲ್ಲಿ ಡೂಲಾಲಿಯ ಟ್ಯಾಪ್‌ರೂಮು ಅಂಧೇರಿಗೆ ಬಂತು. 2017ರಲ್ಲಿ ಬೆಂಗಳೂರಿನ ‘ಟಾಯ್ಟ್’ ಕೂಡ ಲೋವರ್ ಪರೇಲಿಗೆ ಬಂದು ನೆಲೆಸಿತು.

ಬಿಯರಿನ ವಿಷಯ ನಮ್ಮ ಸಂಘದ ಪತ್ರಿಕೆಗೇಕೆ ಎಂದು ಕೆಲವರು ಕೇಳಬಹುದು. ಈ ಶಹರದಲ್ಲಿ ಬಿಯರು ಮಾರಿದ ಕೈಗಳಲ್ಲಿ ನಮ್ಮವರ ಕೈಗಳೇ ಬಹಳ. ಪರ್ಮಿಟ್ ರೂಮಿನ ಗಲ್ಲೆಯಿಂದ ಬಂದ ದುಡ್ಡಿನಿಂದ ಊರಿನಲ್ಲಿ ಮನೆ ಎದ್ದಿದೆ, ತಂಗಿಯರ ಮದುವೆ ನಡೆದಿದೆ, ಸಂಘಗಳ ಸಭಾಗೃಹಗಳಿಗೆ ದೇಣಿಗೆಯೂ ಬಂದಿದೆ. ದೇಣಿಗೆ ತೆಗೆದುಕೊಳ್ಳುವಾಗ ಇಲ್ಲದ ಸಂಕೋಚ ಲೇಖನ ಬರೆಯುವಾಗ ಬೇಡ.

ಇನ್ನೊಂದು ಮಾತನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು. ನಾನು ಕೇಂದ್ರ ಸರಕಾರದ ನೌಕರ. 1964ರ ನಮ್ಮ ನಡತೆ ನಿಯಮಗಳಲ್ಲಿ 22ನೆಯದು ಸಾರ್ವಜನಿಕ ಸ್ಥಳದಲ್ಲಿ ಮದ್ಯ ಸೇವಿಸಕೂಡದೆನ್ನುತ್ತದೆ. ಆದುದರಿಂದ ಟ್ಯಾಪ್‌ರೂಮುಗಳಲ್ಲಿ ನಿಂಬೆ ಶರಬತ್ತು ಕುಡಿಯುತ್ತ ಹಲಗೆಗಳನ್ನು ಓದಿದೆ. ಬಿಯರನ್ನು, ಕುಡಿಯುವ ಪರವಾನಗಿ ತೆಗೆದುಕೊಂಡೇ, ಸೀಸೆಯಲ್ಲಿ ತುಂಬಿಸಿ ಮನೆಗೆ ತಂದು ರುಚಿ ನೋಡಿದೆ. ಕೋವಿಡ್ ಕಾಲದಲ್ಲಿ ಹೀಗೆ ಮನೆಗೊಯ್ಯಲು ಅನುಮತಿ ದೊರೆಯದಿದ್ದರೆ ಈ ವಿಮರ್ಶೆ ಅರ್ಧಕ್ಕೇ ನಿಲ್ಲುತ್ತಿತ್ತು.

ಹಲಗೆ ಎಂದೆನಷ್ಟೆ. ಟ್ಯಾಪ್‌ರೂಮಿನಲ್ಲಿ ಸಾಹಿತ್ಯವೆಂಬುದು ಇರುವುದು ಅಲ್ಲಿಯೇ. ಶಾಲೆಯ ಕರಿಹಲಗೆಯಂಥ ಹಲಗೆ, ಅದರ ಮೇಲೆ ಸೀಮೆಸುಣ್ಣದಲ್ಲಿ ಎಂಟು-ಹತ್ತು ಬಿಯರುಗಳ ಹೆಸರು, ಪ್ರತಿಯೊಂದರ ಕೆಳಗೆ ಎರಡು ಸಾಲು ವರ್ಣನೆ: ಜರ್ಮನಿಯ ಮಾಲ್ಟು, ಅಮೆರಿಕದ ಯಾಕಿಮಾ ಕಣಿವೆಯ ಹಾಪ್ಸು, ಬಾಳೆಹಣ್ಣಿನ ಸುವಾಸನೆ, ಲವಂಗದ ಛಾಯೆ, ಕಿತ್ತಳೆ ಸಿಪ್ಪೆ, ಕಾಫಿ, ಕ್ಯಾರಮೆಲ್ಲು. ಪಕ್ಕದಲ್ಲಿ ಎರಡು ಅಂಕಿಗಳು, ಎ.ಬಿ.ವಿ. ಮತ್ತು ಐ.ಬಿ.ಯು. ಮೊದಲನೆಯದು ಆಲ್ಕೋಹಾಲಿನ ಶೇಕಡಾವಾರು, ಎರಡನೆಯದು ಕಹಿಯ ಅಳತೆ.

ಈ ವರ್ಣನೆ ಸುಳ್ಳಲ್ಲ. ಬಿ.ಎಸ್ಸಿ. ಪ್ರಯೋಗಶಾಲೆಯಲ್ಲಿ ಐಸೊಅಮೈಲ್ ಅಸಿಟೇಟ್ ತಯಾರಿಸಿ ಕೋಣೆಯೆಲ್ಲ ಬಾಳೆಹಣ್ಣು ನಾರಿದ್ದು ನೆನಪಿರುವವರಿಗೆ ಇದು ಅರ್ಥವಾಗುತ್ತದೆ. ಗೋಧಿ ಬಿಯರಿನಲ್ಲಿ ಬಾಳೆಹಣ್ಣೂ ಇಲ್ಲ, ಲವಂಗವೂ ಇಲ್ಲ. ಯೀಸ್ಟು ಸಕ್ಕರೆಯನ್ನು ತಿನ್ನುತ್ತ ಅದೇ ಎಸ್ಟರನ್ನು ಹುಟ್ಟಿಸುತ್ತದೆ, ಲವಂಗದ ವಾಸನೆ ಅದರದೇ ಇನ್ನೊಂದು ಫೀನಾಲಿನಿಂದ. ಮಾಲ್ಟಿನ ವಿದ್ಯೆಯಂತೂ ನಮ್ಮ ತಾಯಂದಿರಿಗೆ ಹೊಸದಲ್ಲ. ಮಗುವಿನ ಅಂಬಲಿಗೆ ರಾಗಿಯನ್ನು ನೆನೆಸಿ, ಮೊಳಕೆ ಕಟ್ಟಿ, ಒಣಗಿಸಿ, ಬೀಸುತ್ತಿದ್ದರಲ್ಲ, ಬಾರ್ಲಿಗೂ ಅದೇ ಉಪಚಾರ. ಮೊಳಕೆಯಲ್ಲಿ ಹುಟ್ಟಿದ ಕಿಣ್ವಗಳು 65 ಡಿಗ್ರಿಯ ಆಸುಪಾಸಿನ ಬಿಸಿನೀರಿನಲ್ಲಿ ಪಿಷ್ಟವನ್ನು ಸಕ್ಕರೆಯಾಗಿ ಒಡೆಯುತ್ತವೆ. ಆ ಸಿಹಿನೀರನ್ನು ಸೋಸಿ, ಹಾಪ್ಸು ಹಾಕಿ ಕುದಿಸಿ, ತಣಿಸಿ ಯೀಸ್ಟಿಗೊಪ್ಪಿಸಿದರೆ ಮುಂದಿನದು ಅದರ ಕೆಲಸ.

ರುಚಿಯ ಬಗ್ಗೆ ನನ್ನ ಅಭಿಪ್ರಾಯವನ್ನು ಮುಚ್ಚಿಡಲಾರೆ. ಒಳ್ಳೆಯ ಗೋಧಿ ಬಿಯರು ಮುಂಬಯಿಯ ಮೇ ತಿಂಗಳಿಗೆ ಹೇಳಿ ಮಾಡಿಸಿದಂತಿದೆ; ಮೈಯೆಲ್ಲ ಬೆವರಿನ ಸಂಜೆ ಅದರ ಮುಂದೆ ಅಂಗಡಿಯ ‘ಸ್ಟ್ರಾಂಗ್’ ಸೀಸೆ ಕಷಾಯದಂತೆ ಕಾಣುತ್ತದೆ. ಕಪ್ಪು ಸ್ಟೌಟು ನಮ್ಮ ಫಿಲ್ಟರ್ ಕಾಫಿಯವರಿಗೆ ಬೇಗ ಹಿಡಿಸುತ್ತದೆ. ಆದರೆ ಕಹಿಯನ್ನೇ ಪರಾಕ್ರಮವೆಂದು ತಿಳಿದು, ಅಂಕಿ ಏರಿದಷ್ಟೂ ಕುಶಲತೆ ಏರಿತೆಂದು ಬೀಗುವ ಕೆಲವು ಬಿಯರುಗಳು ಹಾಗಲಕಾಯಿಯ ಹುಳಿಗೆ ಬೆಲ್ಲ ಹಾಕಲು ಮರೆತಂತಿವೆ. ಆ ಅಂಕಿಯೂ ಸಣ್ಣ ಕಾರಖಾನೆಗಳಲ್ಲಿ ಬಹುಮಟ್ಟಿಗೆ ಅಳೆದದ್ದಲ್ಲ, ಸೂತ್ರದಿಂದ ಲೆಕ್ಕ ಹಾಕಿದ್ದು.

ನನ್ನ ಆಕ್ಷೇಪಣೆ ರುಚಿಯ ಮೇಲಲ್ಲ. ಈ ಹಲಗೆ ಯಾವುದಕ್ಕೆ ಎಲ್ಲಕ್ಕಿಂತ ಕಡಿಮೆ ಖರ್ಚಾಗಿದೆಯೋ ಅದನ್ನೇ ಹೊಗಳುತ್ತದೆ. ಗಿರಾಕಿಯ ದುಡ್ಡು ಹೆಚ್ಚಾಗಿ ಹೋಗುವುದು ಎಲ್ಲಿಗೋ ಅದರ ಬಗ್ಗೆ ಚಕಾರವೆತ್ತುವುದಿಲ್ಲ. ಗ್ಲಾಸಿನ ಬೆಲೆ ಮುನ್ನೂರು-ನಾನೂರು ರೂಪಾಯಿ ಕಂಡ ಓದುಗನು ಅದು ಜರ್ಮನಿಯ ಮಾಲ್ಟಿನ ಬೆಲೆಯೆಂದೇ ಭಾವಿಸಬೇಕು, ಹಾಗೆ ಬರೆದಿರುತ್ತಾರೆ. ಲೆಕ್ಕ ಹಾಕಿ ನೋಡೋಣ. ಸಾವಿರ ಲೀಟರು ಸಾಧಾರಣ ಬಿಯರಿಗೆ ಸುಮಾರು 200 ಕಿಲೋ ಮಾಲ್ಟು ಬೇಕು. ಕಿಲೋಗೆ 100 ರೂಪಾಯಿ ಎಂದು ಲೆಕ್ಕಕ್ಕಾಗಿ ಹಿಡಿದರೆ 20,000 ರೂಪಾಯಿ. ತಳದ ಗಷ್ಟು, ಪೈಪು, ನೊರೆ ಎಂದು ನೂರು ಲೀಟರು ಹೋಯಿತೆನ್ನಿ. ಉಳಿದ ಒಂಬೈನೂರು ಲೀಟರಿನಲ್ಲಿ 330 ಮಿಲಿಲೀಟರಿನ ಗ್ಲಾಸು 2,700ರಷ್ಟು ತುಂಬುತ್ತವೆ. ಅಂದರೆ ಒಂದು ಗ್ಲಾಸಿನಲ್ಲಿರುವ ಮಾಲ್ಟಿನ ಬೆಲೆ ಏಳೆಂಟು ರೂಪಾಯಿ. ಹಾಪ್ಸು, ಯೀಸ್ಟು ಸೇರಿಸಿ ಇಮ್ಮಡಿಯೆಂದೇ ತಿಳಿಯಿರಿ. ಉದ್ದಿನಬೇಳೆಯ ದರ ನೋಡಿ ಮಸಾಲೆದೋಸೆಯ ದರ ನಿಶ್ಚಯವಾಗುವುದಿಲ್ಲವೆಂಬುದು ಹೋಟೆಲಿನವರ ಮಕ್ಕಳಿಗೆ ಹೇಳಿಕೊಡಬೇಕಾದ ಪಾಠವಲ್ಲ.

ಹಾಗಾದರೆ ಉಳಿದದ್ದೆಲ್ಲ ಲಾಭವೇ? ಅಲ್ಲ. ಮೊದಲನೆಯದು ಕಾಲ. ಮೇಲುಯೀಸ್ಟಿನ ಏಲ್, ಗೋಧಿ ಬಿಯರುಗಳು 20 ಡಿಗ್ರಿಯ ಸುಮಾರಿಗೆ ಹುದುಗಿ ಹತ್ತು-ಹನ್ನೆರಡು ದಿನಗಳಲ್ಲಿ ಕುಡಿಯಲು ಸಿದ್ಧವಾಗಬಲ್ಲವು. ನಾವು ಕಿಂಗ್‌ಫಿಷರಿನಿಂದ ಬಲ್ಲ ಲಾಗರಿಗೆ ಹತ್ತು ಡಿಗ್ರಿಯ ಸುಮಾರಿನ ಚಳಿ ಬೇಕು, ಆಮೇಲೆ ಇನ್ನೂ ತಣ್ಣಗೆ ವಾರಗಟ್ಟಲೆ ವಿಶ್ರಾಂತಿ ಬೇಕು. ಒಬ್ಬನ ಬಳಿ ಸಾವಿರ ಲೀಟರಿನ ನಾಲ್ಕು ಟ್ಯಾಂಕುಗಳಿವೆ ಎನ್ನೋಣ. ಹನ್ನೆರಡು ದಿನದ ಏಲ್ ಮಾಡಿದರೆ ಒಂದೊಂದು ಟ್ಯಾಂಕು ವರ್ಷಕ್ಕೆ ಮೂವತ್ತು ಸಲ ತುಂಬಿ ಖಾಲಿಯಾಗುತ್ತದೆ: ಒಟ್ಟು ಒಂದು ಲಕ್ಷ ಇಪ್ಪತ್ತು ಸಾವಿರ ಲೀಟರು. ಮೂವತ್ತಾರು ದಿನದ ಲಾಗರ್ ಮಾಡಿದರೆ ನಲವತ್ತು ಸಾವಿರ. ಬಾಡಿಗೆ, ಸಂಬಳ, ಲೈಸನ್ಸು ಎರಡಕ್ಕೂ ಒಂದೇ. ಕರೆಂಟು ಎರಡನೆಯದಕ್ಕೇ ಹೆಚ್ಚು. ಸಣ್ಣ ಕಾರಖಾನೆಗಳವರು ಗೋಧಿ ಬಿಯರಿನ ಗುಣಗಾನ ಮಾಡುವುದರಲ್ಲಿ ಬವೇರಿಯದ ಪರಂಪರೆಗಿಂತ ಈ ಮೂರು ಪಟ್ಟಿನ ಪಾತ್ರವೇ ದೊಡ್ಡದೆಂದು ನನ್ನ ಗುಮಾನಿ. ಅದರಲ್ಲಿ ತಪ್ಪೇನೂ ಇಲ್ಲ. ಹೇಳಿದರೆ ಗಿರಾಕಿ ಮೆಚ್ಚುತ್ತಾನೆ, ಅಷ್ಟೆ.

ಎರಡನೆಯದು, ಮುಂಬಯಿಯಲ್ಲಿ ಯಾವಾಗಲೂ ಮೊದಲನೆಯದಾಗುವ ವಿಷಯ: ಜಾಗ. ಬಿಯರಿನ ಟ್ಯಾಂಕುಗಳಿಗೆ ಐನೂರು ಚದರ ಅಡಿ ಬಿಟ್ಟುಕೊಟ್ಟರೆ ಹತ್ತು-ಹನ್ನೆರಡು ಟೇಬಲ್ಲುಗಳು ಹೋದವು. ಚದರ ಅಡಿಗೆ ತಿಂಗಳಿಗೆ ಮುನ್ನೂರು ರೂಪಾಯಿ ಬಾಡಿಗೆಯೆಂದಿಟ್ಟುಕೊಂಡರೆ, ಆ ಉಕ್ಕಿನ ಟ್ಯಾಂಕುಗಳು ಏನೂ ಮಾಡದೆ ನಿಂತಿರುವುದಕ್ಕೇ ತಿಂಗಳಿಗೆ ಒಂದೂವರೆ ಲಕ್ಷ. ಗಾಜಿನ ಹಿಂದೆ ಫಳಫಳಿಸುತ್ತ ನಿಂತ ಟ್ಯಾಂಕು ಗಿರಾಕಿಗೆ ಅಲಂಕಾರ, ಮಾಲಿಕನಿಗೆ ಬಾಡಿಗೆಯ ಮೀಟರು.

ಈ ಬಾಡಿಗೆ ಬೆಳೆದ ನೆಲವನ್ನೂ ಸ್ವಲ್ಪ ನೋಡಬೇಕು. ಲೋವರ್ ಪರೇಲಿನ ಮಥುರಾದಾಸ್, ಕಮಲಾ, ಟೋಡಿ ಎಂಬ ಹೆಸರುಗಳ ಹಿಂದೆ ‘ಮಿಲ್’ ಎಂಬ ಶಬ್ದವಿನ್ನೂ ಅಂಟಿಕೊಂಡಿದೆ. 1982ರ ಜನವರಿ 18ರಂದು ದತ್ತಾ ಸಾಮಂತರ ಮುಷ್ಕರ ಶುರುವಾದಾಗ ಎರಡೂವರೆ ಲಕ್ಷದಷ್ಟು ಕಾರ್ಮಿಕರು ಹೊರಗೆ ಬಂದರು. ಅವರಲ್ಲಿ ಬಹುಮಂದಿ ಮತ್ತೆ ಒಳಗೆ ಹೋಗಲಿಲ್ಲ. ಆ ಗಿರಣಗಾಂವಿನ ಚಹಾದಂಗಡಿಗಳಲ್ಲಿ, ಖಾನಾವಳಿಗಳಲ್ಲಿ ಹಗಲು ದುಡಿದು ರಾತ್ರಿಶಾಲೆಯಲ್ಲಿ ಕನ್ನಡ ಓದಿದವರು ನಮ್ಮಲ್ಲಿ ಇನ್ನೂ ಇದ್ದಾರೆ. ಈಗ ಅದೇ ಇಟ್ಟಿಗೆಗೋಡೆಗಳನ್ನು ಬೇಕೆಂದೇ ಗಾರೆ ಹಚ್ಚದೆ ಬಿಟ್ಟು, ಕಬ್ಬಿಣದ ಪೈಪುಗಳನ್ನು ಕಾಣುವಂತಿಟ್ಟು, ಕಾರಖಾನೆಯ ವಾತಾವರಣ ಎನ್ನುತ್ತಾರೆ. ನಿಜವಾದ ಕಾರಖಾನೆಯ ನೆಲದ ಮೇಲೆ ಕಾರಖಾನೆಯ ವೇಷ! 2017ರ ಡಿಸೆಂಬರ್ 29ರ ನಡುರಾತ್ರಿಯ ಬೆಂಕಿಯಲ್ಲಿ ಕಮಲಾ ಮಿಲ್ಸಿನ ಎರಡು ತಾರಸಿ ಹೋಟೆಲುಗಳಲ್ಲಿ ಹದಿನಾಲ್ಕು ಜನ ಸತ್ತ ಮೇಲೆ ಪರವಾನಗಿ, ಹೊರಬಾಗಿಲು, ಮಾಡುಗಳ ತಪಾಸಣೆ ಬಿಗಿಯಾಯಿತು. ಅವು ಬಿಯರು ತಯಾರಿಸುವ ಜಾಗಗಳಲ್ಲ. ಆದರೂ ಬಾಡಿಗೆಯ ಒತ್ತಡಕ್ಕೆ ತಾರಸಿಯ ಮೇಲೂ ಟೇಬಲ್ಲು ಹಾಕುವ ಪ್ರವೃತ್ತಿ ಎಲ್ಲರಿಗೂ ಸಮಾನವಾದದ್ದು.

ಬುದ್ಧಿವಂತರು ಇದಕ್ಕೊಂದು ದಾರಿ ಕಂಡುಕೊಂಡರು. ಕುಡಿಯುವುದು ಲೋವರ್ ಪರೇಲಿನಲ್ಲಾಗಲಿ, ಕುದಿಸುವುದು ಬೇರೆಡೆ ಆಗಲಿ. ‘ಗೇಟ್‌ವೇ’ ಎಂಬ ಹೆಸರಿನವರು 2014ರ ಸುಮಾರಿಗೆ ನಮ್ಮ ಡೊಂಬಿವಲಿಯ ಎಂ.ಐ.ಡಿ.ಸಿ.ಯಲ್ಲಿ ತಮ್ಮ ಟ್ಯಾಂಕುಗಳನ್ನು ನಿಲ್ಲಿಸಿ, ಉಕ್ಕಿನ ಪೀಪಾಯಿಗಳಲ್ಲಿ ಬಿಯರು ತುಂಬಿಸಿ ಶಹರದ ಹೋಟೆಲುಗಳಿಗೆ ಕಳಿಸತೊಡಗಿದರು. ಡೊಂಬಿವಲಿಯ ಕನ್ನಡಿಗರು ಬೆಳಗಿನ ಲೋಕಲಿನಲ್ಲಿ ನಿಂತುಕೊಂಡು ಹೋಗುವ ದಾರಿಯಲ್ಲೇ ಬಿಯರೂ ಟೆಂಪೋ ಹತ್ತಿ ಹೋಗುತ್ತದೆ. ಮಹಾರಾಷ್ಟ್ರದ ನಿಯಮ ಇದಕ್ಕೆ ಅವಕಾಶ ಕೊಟ್ಟಿದೆ. ಕರ್ನಾಟಕದಲ್ಲಿ ಹಾಗಲ್ಲ. ಅಲ್ಲಿಯ ಸಣ್ಣ ಕಾರಖಾನೆ ತಾನು ಮಾಡಿದ್ದನ್ನು ಅದೇ ಮಾಡಿನ ಕೆಳಗೆ ಮಾರಬೇಕು. 2010ರಲ್ಲಿ ಇಂದಿರಾನಗರದಲ್ಲಿ ಟಾಯ್ಟ್ ತೆರೆದಂದಿನಿಂದ ಬೆಂಗಳೂರಿನ ಬ್ರೂಪಬ್‌ಗಳು ಕಲ್ಯಾಣಮಂಟಪದಷ್ಟು ದೊಡ್ಡವಾಗುತ್ತ ಹೋದದ್ದಕ್ಕೆ ಇದೂ ಒಂದು ಕಾರಣ. ಅಲ್ಲಿ ಬಿಯರು ಗಿರಾಕಿಯನ್ನು ಕಾಯುತ್ತದೆ, ಇಲ್ಲಿ ಗಿರಾಕಿಯನ್ನು ಹುಡುಕಿಕೊಂಡು ಹೋಗುತ್ತದೆ. ಬೆಂಗಳೂರಿನಿಂದ ರಜೆಗೆ ಬರುವ ನಮ್ಮ ಅಳಿಯಂದಿರು ‘ನಿಮ್ಮಲ್ಲಿ ಜಾಗವೇ ಇಲ್ಲ’ ಎಂದು ಮೂಗು ಮುರಿಯುವಾಗ ಈ ವ್ಯತ್ಯಾಸವನ್ನು ನೆನಪಿಸಬಹುದು.

ಆದರೆ ಪ್ರಯಾಣಕ್ಕೂ ಒಂದು ಬೆಲೆಯಿದೆ. ಈ ಬಿಯರು ಹಾಲಿನಂತೆ ಜೀವಂತ ವಸ್ತು, ಹೆಚ್ಚಿನದನ್ನು ಪಾಶ್ಚರೀಕರಿಸಿರುವುದಿಲ್ಲ. ಪೀಪಾಯಿ ತಣ್ಣಗೇ ಹೋಗಬೇಕು, ತಣ್ಣಗೇ ಇರಬೇಕು. ಮೇಲಾಗಿ ಪೀಪಾಯಿಯಿಂದ ನಲ್ಲಿಯವರೆಗಿನ ಕೊಳವೆಯನ್ನು ಎರಡು ವಾರಕ್ಕೊಮ್ಮೆಯಾದರೂ ಕ್ಷಾರದ್ರಾವಣದಿಂದ ತೊಳೆಯಬೇಕು. ತೊಳೆಯದಿದ್ದರೆ ಬ್ಯಾಕ್ಟೀರಿಯಾ ಸೇರಿ ಮೊದಲು ಹಳಸಿದ ಬೆಣ್ಣೆಯ ವಾಸನೆ, ಆಮೇಲೆ ಹುಳಿ. ತಪ್ಪು ತೊಳೆಯದವನದು, ಹೆಸರು ಕೆಡುವುದು ಡೊಂಬಿವಲಿಯಲ್ಲಿ ಕುದಿಸಿದವನದು. ಕುಶಲತೆ ಎಂಬುದು ಈ ಕೊನೆಯ ಹತ್ತು ಅಡಿ ಕೊಳವೆಯಲ್ಲಿಯೂ ಇದೆ. ಅದನ್ನು ಯಾವ ಹಲಗೆಯೂ ಬರೆಯುವುದಿಲ್ಲ.

ಇನ್ನು ಮೂರನೆಯದು, ನಾನು ಹೊಟ್ಟೆಪಾಡಿಗಾಗಿ ಸೇರಿಕೊಂಡ ಲೋಕ: ಕಾಗದಪತ್ರ. ಮುಂಬಯಿಯಲ್ಲಿ ಬಿಯರು ಮಾರಾಟವಾಗುವುದು ಪಾನನಿಷೇಧ ಕಾಯಿದೆಯ ಅಡಿಯಲ್ಲಿ. ಇದು ವಿನೋದವಲ್ಲ. 1949ರ ಮುಂಬಯಿ ಪಾನನಿಷೇಧ ಕಾಯಿದೆ ರದ್ದಾಗಲಿಲ್ಲ, ಹೆಸರಿನಲ್ಲಿ ಮುಂಬಯಿ ಹೋಗಿ ಮಹಾರಾಷ್ಟ್ರ ಬಂತು, ಅಷ್ಟೆ. ಅರುವತ್ತರ ದಶಕದಲ್ಲಿ ನಿಷೇಧ ಸಡಿಲವಾದಾಗ ‘ಪರ್ಮಿಟ್’ ಉಳ್ಳವರು ಕುಳಿತು ಕುಡಿಯುವ ಕೋಣೆಗೆ ಪರ್ಮಿಟ್ ರೂಮ್ ಎಂಬ ಹೆಸರು ಬಂತು, ಇಂದಿಗೂ ಅದೇ ಹೆಸರು. ಕುಡಿಯುವವನಿಗೊಂದು ಪರವಾನಗಿ, ಮಾರುವವನಿಗೊಂದು, ಮಾಡುವವನಿಗೊಂದು, ಲೇಬಲ್ಲಿಗೊಂದು. ಲೈಸನ್ಸಿನ ಹಣವನ್ನು, ಒಂದು ಗ್ಲಾಸು ಮಾರಾಟವಾಗುವ ಮೊದಲೇ, ವರ್ಷಕ್ಕೊಮ್ಮೆ ಮುಂಗಡವಾಗಿ ಕಟ್ಟಬೇಕು. 2017ರ ಜುಲೈಯಿಂದ ಜಿ.ಎಸ್.ಟಿ. ಬಂದಾಗ ಕುಡಿಯುವ ಮದ್ಯವನ್ನು ಅದರಿಂದ ಹೊರಗಿಟ್ಟರು. ಆದುದರಿಂದ ಯಂತ್ರದ ಮೇಲೆ, ಬಾಡಿಗೆಯ ಮೇಲೆ ಕೊಟ್ಟ ಜಿ.ಎಸ್.ಟಿ.ಯನ್ನು ಬಿಯರಿನವನು ಇತರ ಉದ್ಯಮಿಗಳಂತೆ ಮುಂದೆ ವಜಾ ಮಾಡಿಕೊಳ್ಳುವಂತಿಲ್ಲ. ಅದೂ ಗ್ಲಾಸಿನೊಳಗೆ ಇಳಿಯುತ್ತದೆ.

ಕಾಗದದ ಬಲವೆಷ್ಟೆಂದು ತಿಳಿಯಬೇಕಾದರೆ ‘ಬೀರಾ 91’ರ ಕಥೆ ಕೇಳಬೇಕು. 2015ರಲ್ಲಿ ಹುಟ್ಟಿ, ಕೋತಿಯ ಚಿತ್ರ ಹಾಕಿಕೊಂಡು, ದೇಶದ ತರುಣರನ್ನೆಲ್ಲ ಮರುಳುಮಾಡಿದ ಕಂಪನಿಯದು. ಶೇರುಪೇಟೆಗೆ ಹೋಗುವ ಸಿದ್ಧತೆಯಲ್ಲಿ ಕಂಪನಿಯ ಹೆಸರಿನಿಂದ ‘ಪ್ರೈವೇಟ್’ ಎಂಬ ಒಂದು ಶಬ್ದವನ್ನು ತೆಗೆದುಹಾಕಿದರು. ಹೆಸರು ಬದಲಾಯಿತು, ಆದುದರಿಂದ ಲೇಬಲ್ಲುಗಳನ್ನು ರಾಜ್ಯ ರಾಜ್ಯದಲ್ಲೂ ಹೊಸದಾಗಿ ನೋಂದಾಯಿಸಿರೆಂದು ಅಬಕಾರಿ ಇಲಾಖೆಗಳು ಹೇಳಿದವು. ತಿಂಗಳುಗಟ್ಟಲೆ ಮಾರಾಟ ನಿಂತಿತು. ಹಳೆಯ ಲೇಬಲ್ಲಿನ 80 ಕೋಟಿ ರೂಪಾಯಿಗಳ ದಾಸ್ತಾನು ವ್ಯರ್ಥವಾಯಿತು. 2023–24ರಲ್ಲಿ ಕಂಪನಿಯ ನಷ್ಟ 748 ಕೋಟಿ. ನಷ್ಟಕ್ಕೆ ಬೇರೆ ಕಾರಣಗಳೂ ಇದ್ದವು, ನಿಜ. ಆದರೆ ಒಂದು ಶಬ್ದದ ತಿದ್ದುಪಡಿಗೆ ಎಷ್ಟು ಕಡತ ಚಲಿಸಬೇಕೆಂಬುದನ್ನು ಊಹಿಸಬಲ್ಲ ಒಬ್ಬ ಗುಮಾಸ್ತನನ್ನು ಅವರು ಸಲಹೆ ಕೇಳಿದ್ದರೆ ಚೆನ್ನಾಗಿತ್ತು.

ದೊಡ್ಡವರ ಕಥೆಯನ್ನು ಚಿಕ್ಕದಾಗಿ ಹೇಳಿ ಮುಗಿಸುತ್ತೇನೆ. 1915ರಲ್ಲಿ ದಕ್ಷಿಣದ ಐದು ಕಾರಖಾನೆಗಳು ಸೇರಿ ಆದ ಯುನೈಟೆಡ್ ಬ್ರೂವರೀಸ್‌ಗೆ 1947ರಲ್ಲಿ ಮೊದಲ ಭಾರತೀಯ ನಿರ್ದೇಶಕರಾದವರು ಬಂಟ್ವಾಳ ಮೂಲದ ವಿಠಲ ಮಲ್ಯರು. 2021ರಲ್ಲಿ ಅದರ ಹಿಡಿತ ಹಾಲೆಂಡಿನ ಹೈನಿಕೆನ್ನಿನ ಕೈಸೇರಿತು. ಅದೇ ವರ್ಷ ಸೆಪ್ಟೆಂಬರಿನಲ್ಲಿ ಸ್ಪರ್ಧಾ ಆಯೋಗವು, ದೊಡ್ಡ ಬಿಯರು ಕಂಪನಿಗಳು ವರ್ಷಗಟ್ಟಲೆ ಕೂಡಿಕೊಂಡು ಬೆಲೆ ಗೊತ್ತುಮಾಡಿದ್ದವೆಂದು ತೀರ್ಮಾನಿಸಿ, ಯುನೈಟೆಡ್ ಬ್ರೂವರೀಸ್, ಕಾರ್ಲ್ಸ್‌ಬರ್ಗ್ ಮತ್ತಿತರರಿಗೆ ಒಟ್ಟು 873 ಕೋಟಿ ದಂಡ ವಿಧಿಸಿತು. ಪ್ರಕರಣ ಮೇಲ್ಮನವಿಗೆ ಹೋಯಿತು. ಸಣ್ಣವನು ಹಲಗೆಯ ಮೇಲೆ ಕವಿತೆ ಬರೆಯುವುದು ಇಂಥವರ ನೆರಳಿನಲ್ಲಿ ನಿಂತು ಎಂಬುದನ್ನು ಮರೆತರೆ ನನ್ನ ವಿಮರ್ಶೆ ಅನ್ಯಾಯವಾದೀತು.

ಹಾಗೆಯೇ ಇನ್ನೊಂದು ಅನ್ಯಾಯವೂ ಇದೆ. ‘ಕುಶಲ’ ಎಂಬ ಬಿರುದು ಕುದಿಸುವವನಿಗೆ ಸಿಕ್ಕಿತು. ಮಾರುವವನ ಕುಶಲತೆಗೆ ಹೆಸರೇ ಇಲ್ಲ. ಮೂವತ್ತು ವರ್ಷ ಗಲ್ಲೆಯ ಮೇಲೆ ಕುಳಿತು, ಯಾವ ಗಿರಾಕಿಗೆ ಎಷ್ಟಕ್ಕೆ ಸಾಕೆನ್ನಬೇಕು, ಯಾರ ಉದ್ರಿ ಬಂದೀತು, ಮಾಂದೇಲಿ ಫ್ರೈಗೆ ಮೀನು ಯಾವ ದಿನ ಅಗ್ಗ ಎಂಬುದನ್ನೆಲ್ಲ ಬಾಯಿಪಾಠ ಮಾಡಿದ ಪರ್ಮಿಟ್ ರೂಮಿನ ಮಾಲಿಕರನ್ನು ಯಾರೂ ಕಲಾವಿದರೆನ್ನಲಿಲ್ಲ. ನಮ್ಮವರೇ ಹೆಚ್ಚಾಗಿ ಮುಂದಾಳುಗಳಾಗಿರುವ ‘ಆಹಾರ್’ ಸಂಘದವರು 2025ರ ಜುಲೈ 14ರಂದು ರಾಜ್ಯದ ಇತರರೊಡನೆ ಬಾರುಗಳನ್ನು ಮುಚ್ಚಿ ಪ್ರತಿಭಟಿಸಿದರು. ಮೌಲ್ಯವರ್ಧಿತ ತೆರಿಗೆ ಶೇಕಡಾ 5ರಿಂದ 10ಕ್ಕೆ, ಲೈಸನ್ಸು ಶುಲ್ಕ ಶೇಕಡಾ 15ರಷ್ಟು ಮೇಲಕ್ಕೆ, ಮದ್ಯದ ಅಬಕಾರಿ ಸುಂಕ ಶೇಕಡಾ 60ರಷ್ಟು ಮೇಲಕ್ಕೆ ಎಂಬುದು ದೂರು. ಬಿಯರನ್ನು ಈ ಸುಂಕದ ಏರಿಕೆಯಿಂದ ಬಿಟ್ಟಿದ್ದರು. ಮಿಕ್ಕವು ಅದಕ್ಕೂ ತಗಲುತ್ತವೆ.

ಭಾಂಡುಪದಲ್ಲಿ ಹೀಗೆ ಪರ್ಮಿಟ್ ರೂಮು ನಡೆಸುವ ಹಿರಿಯರೊಬ್ಬರು ನನಗೆ ಪರಿಚಿತರು. ಮೊದಲು ಯಾರದೋ ಲೈಸನ್ಸನ್ನು ಕಂಡಕ್ಟಿಂಗ್ ಮೇಲೆ ನಡೆಸಿ, ಆಮೇಲೆ ಸ್ವಂತ ಮಾಡಿಕೊಂಡವರು. ಮಗ ಹೋಟೆಲ್ ಮ್ಯಾನೇಜ್‌ಮೆಂಟ್ ಓದಿದ್ದಾನೆ. ಇದನ್ನೆಲ್ಲ ಒಡೆದು ಒಳಗೇ ಟ್ಯಾಂಕು ಕೂರಿಸಿ ಟ್ಯಾಪ್‌ರೂಮು ಮಾಡೋಣವೆಂದು ಅವನ ಹಟ. ಊರಿನ ಜಾಗ ಮಾರಿದರೆ ಬಂಡವಾಳ ಆಗುತ್ತದೆಂಬ ಲೆಕ್ಕವೂ ನಡೆದಿತ್ತು. ‘ನೀವು ಲೆಕ್ಕಪತ್ರ ಬಲ್ಲವರು, ಹೇಳಿ ಮಾರಾಯ್ರೆ’ ಎಂದರು. ಮೇಲೆ ಬರೆದ ಟ್ಯಾಂಕಿನ ಲೆಕ್ಕ, ಟೇಬಲ್ಲಿನ ಲೆಕ್ಕಗಳನ್ನು ಅವರ ಬಿಲ್ ಪುಸ್ತಕದ ಬೆನ್ನಿಗೇ ಬರೆದು ತೋರಿಸಿದೆ.

‘ಹಾಗಾದ್ರೆ ಆ ಹಲಗೆಯವರು ಬದುಕುವುದು ಹೇಗೆ ಮಾರಾಯ್ರೆ?’

‘ಬಿಯರಿನಿಂದ ಮಾತ್ರ ಅಲ್ಲ. ತಿಂಡಿಯಿಂದ. ಆಲೂಗಡ್ಡೆ ಹುರಿದದ್ದಕ್ಕೂ ಅಲ್ಲಿ ಹಣವುಂಟು.’

‘ನಾವು ಮೂವತ್ತು ವರ್ಷ ಕಡಲೆ ಪುಕ್ಕಟೆ ಕೊಟ್ಟೆವಲ್ಲ!’ ಎಂದು ನಕ್ಕರು. ಮಗ ನಗಲಿಲ್ಲ.

ಊರಿನ ಜಾಗ ಮಾರಬೇಡಿ, ಗೋಡೆ ಒಡೆಯಬೇಡಿ, ಒಂದು ನಲ್ಲಿ ಕೂರಿಸಿ, ಬೇರೆಯವರು ಕುದಿಸಿದ ಗೋಧಿ ಬಿಯರಿನ ಮೂವತ್ತು ಲೀಟರಿನ ಪೀಪಾಯಿ ತರಿಸಿ ನೋಡಿ ಎಂಬುದು ನಾನು ಕೊಟ್ಟ ಅಭಿಪ್ರಾಯ. ಹಲಗೆ ಹಾಕುವುದಾದರೆ ಅದರಲ್ಲಿ ನಾಲ್ಕೇ ಸಂಗತಿಗಳಿರಲಿ ಎಂದು ಮಗನಿಗೆ ಹೇಳಿದೆ: ಎಲ್ಲಿ ಕುದಿಸಿದ್ದು, ಎಷ್ಟು ಶೇಕಡಾ, ಎಷ್ಟು ರೂಪಾಯಿ, ಪೀಪಾಯಿ ತೆರೆದ ತಾರೀಖು. ಲವಂಗ, ಬಾಳೆಹಣ್ಣುಗಳನ್ನು ಕುಡಿಯುವವನ ಮೂಗಿಗೆ ಬಿಟ್ಟುಬಿಡು ಎಂದೆ. ಹುಡುಗ ಮೊದಲು ಮುಖ ಸಿಂಡರಿಸಿದ. ಈಗ ತಾರೀಖನ್ನು ತಾನೇ ಬರೆಯುತ್ತಾನೆ, ಒಂದು ಬಿಟ್ಟು ಒಂದು ಸೋಮವಾರ ಕೊಳವೆಯನ್ನೂ ತಾನೇ ತೊಳೆಯುತ್ತಾನೆ. ಮೊದಲ ಪೀಪಾಯಿ ಮುಗಿಯಲು ಎಂಟು ದಿನ ಹಿಡಿಯಿತಂತೆ, ಎರಡನೆಯದಕ್ಕೆ ಐದು.